ಬಾಯಿ ಮೇಲಾದ ಗಂಟೆ

ಚರ್ಚಿನ ಹೊಸ್ತಿಲಲ್ಲೇ ಮಹಾಬಲೇಶ್ವರ ಭಟ್ಟರು ಬೂಟು ಕಳಚಿದರು. ಕಾಲುಚೀಲವನ್ನೂ ಕಳಚಲು ಬಾಗಿದಾಗ ಸೊಸೆ ನೀರಜಾ ಅವರ ತೋಳು ಹಿಡಿದಳು.

“ಬೇಡ ಮಾವ. ಇಲ್ಲಿ ಯಾರೂ ಶೂ ಬಿಚ್ಚಲ್ಲ. ನೆಲ ಐಸ್ ಥರ ಇದೆ.”

“ಇದೆಂತ ಊರೇ ತಂಗಿ? ಮನೆ ಒಳಗೆ ಹೋಗ್ಲಿಕ್ಕೆ ಬೂಟು ಬಿಚ್ಚಿಸ್ತಾರೆ. ದೇವರ ಮನೆಗೆ ಮಾತ್ರ ಹಾಕ್ಕೊಂಡೇ ಹೋಗ್ಬೇಕಂತೆ!”

ಭಟ್ಟರು ಬೂಟನ್ನು ಗೋಡೆಯ ಬದಿಗೆ ಜೋಡಿಸಿಟ್ಟು, ಕಾಲುಚೀಲದಲ್ಲೇ ಒಳಗೆ ಹೆಜ್ಜೆಯಿಟ್ಟರು. ನೀರಜಾ ನಿಟ್ಟುಸಿರುಬಿಟ್ಟಳು. ಬೆಳಗಿನಿಂದ ಆಕೆಯ ಬಾಯಿಂದ ‘ಬೇಡ’ ಬಿಟ್ಟು ಬೇರೆ ಮಾತೇ ಹೊರಟಿರಲಿಲ್ಲ. ಟ್ರಾಮಿನಲ್ಲಿ ಪಕ್ಕದ ಮಗುವಿಗೆ ಚಕ್ಕುಲಿ ಕೊಡಬೇಡಿ. ಬಸ್ಸಿನಲ್ಲಿ ಅಷ್ಟು ಗಟ್ಟಿಯಾಗಿ ಮಾತಾಡಬೇಡಿ. ಇಳಿಯುವಾಗ ಡ್ರೈವರನಿಗೆ ಕೈಮುಗಿಯಬೇಡಿ, “ಪ್ಲೀಸ್ ಮಾವ, ನಾನು ನಾಚಿಕೆಯಿಂದ ಸತ್ತೇ ಹೋಗ್ತೀನಿ.” ಒಂದೊಂದು ಬೇಡಕ್ಕೂ ಭಟ್ಟರು ತಲೆಯಾಡಿಸಿದ್ದರು, ತಲೆಯಾಡಿಸಿ, ತಮಗೆ ಸರಿಕಂಡದ್ದನ್ನೇ ಮಾಡಿದ್ದರು.

ಎರಡು ಸಾವಿರದ ಆರರ ನವೆಂಬರಿನ ಒಂದು ಶನಿವಾರ. ಗೋಥೆನ್‌ಬರ್ಗ್‌ನಿಂದ ಉತ್ತರಕ್ಕೆ ಬಸ್ಸಿನಲ್ಲಿ ಒಂದು ತಾಸು ಬಂದರೆ ಸಿಗುವ ಪುಟ್ಟ ಬಂದರು ಅದು. ಹಳೆಯ ಕಟ್ಟಡಗಳನ್ನು ದುರಸ್ತಿ ಮಾಡುವ ಕಚೇರಿಯೊಂದರಲ್ಲಿ ನೀರಜಾ ವಾಸ್ತುಶಿಲ್ಪಿ. ಈ ಊರಿನ ಇಂಗ್ಲಿಷ್ ಚರ್ಚಿನ ಗೋಪುರದಲ್ಲಿ ಬಿರುಕು ಬಿಟ್ಟಿತ್ತು. ಅದು ಬೆಳೆಯುತ್ತಿದೆಯೋ ನಿಂತಿದೆಯೋ ಎಂದು ನೋಡಿ ಹೇಳುವುದು ಆಕೆಯ ಕೆಲಸ. ಗಂಡ ಪ್ರಭಾಕರ ಕಂಪನಿಯ ಕೆಲಸದ ಮೇಲೆ ಸ್ಟಾಕ್‌ಹೋಮಿಗೆ ಹೋಗಿದ್ದ. ಹೊನ್ನಾವರದಿಂದ ಮೂರು ತಿಂಗಳಿಗೆಂದು ಬಂದಿದ್ದ ಮಾವನವರನ್ನು ಮನೆಯಲ್ಲಿ ಒಬ್ಬರೇ ಬಿಡಲು ಮನಸ್ಸಾಗದೆ ಆಕೆ ಜೊತೆಗೆ ಕರೆತಂದಿದ್ದಳು.

ಬೀಗದ ಕೈಗೊಂಚಲು ಝಣಗುಡಿಸುತ್ತ ಇವ್ಲಿನ್ ಸೋನ್ಸ್ ಎದುರಾದಳು. ಮಂಗಳೂರಿನವಳು, ವಾರವಿಡೀ ಆಸ್ಪತ್ರೆಯ ಪ್ರಯೋಗಾಲಯದಲ್ಲಿ ಕೆಲಸ, ಶನಿವಾರ, ಭಾನುವಾರ ಈ ಚರ್ಚಿನ ಮೇಲ್ವಿಚಾರಣೆ.

“ಬನ್ನಿ ಅಂಕಲ್, ಬನ್ನಿ! ಎಂತ ಚಳಿ ಮಾರ್ರೆ. ಕನ್ನಡ ಮಾತಾಡ್ಲಿಕ್ಕೆ ಜನ ಸಿಕ್ಕಿದ್ದೇ ಒಂದು ಹಬ್ಬ ನಂಗೆ.”

“ದೇವರು ಯಾವ ದಿಕ್ಕಿಗೆ ಮುಖ ಮಾಡಿದ್ದಾನಮ್ಮ ಇಲ್ಲಿ?” ಎಂದರು ಭಟ್ಟರು ಮೊದಲ ಮಾತಿಗೇ.

ಇವ್ಲಿನ್ ತಬ್ಬಿಬ್ಬಾಗಿ ನೀರಜಾಳ ಮುಖ ನೋಡಿದಳು. ನೀರಜಾ ನಕ್ಕು, ಮಾವನಿಗೆ ತಿಳಿಯುವ ಹಾಗೆ ಬಿಡಿಸಿ ಹೇಳಿದಳು. ನೀವು ಬೂಟು ಬಿಟ್ಟದ್ದು ಮುಖಮಂಟಪ. ಈ ಕಂಬಗಳ ಸಾಲಿನ ನಡುವಿನದು ನವರಂಗ. ಪೂರ್ವದ ತುದಿಯಲ್ಲಿ ಮರದ ಜಾಲರಿಯ ಆಚೆಗಿರುವುದು ಗರ್ಭಗುಡಿ ಎಂದುಕೊಳ್ಳಿ. ಗೋಪುರ ಮಾತ್ರ ಗರ್ಭಗುಡಿಯ ಮೇಲಲ್ಲ. ಪಶ್ಚಿಮದ ತುದಿಯಲ್ಲಿ, ನಮ್ಮ ಬೆನ್ನ ಹಿಂದೆ.

“ಅಂದ್ರೆ ದೇವರು ಪಶ್ಚಿಮಕ್ಕೆ ಮುಖ, ಸಮುದ್ರಕ್ಕೆ ಎದುರು. ನಮ್ಮ ಗೋಕರ್ಣದ ಹಾಗೇ!” ಭಟ್ಟರ ಮುಖ ಅರಳಿತು. ತಮ್ಮದೇ ಹೆಸರಿನ ದೇವರನ್ನು ನೆನೆದು ಕೈಜೋಡಿಸಿದರು.

ನೂರೈವತ್ತು ವರ್ಷಗಳ ಹಿಂದೆ ಮರದ ವ್ಯಾಪಾರಕ್ಕೆ ಬಂದು ಈ ದಡದಲ್ಲಿ ಬೇರುಬಿಟ್ಟ ಇಂಗ್ಲಿಷ್ ಕುಟುಂಬಗಳು ಕಟ್ಟಿಸಿದ ಚರ್ಚು ಅದು. ಅವರಲ್ಲಿ ಹಿರಿಯನೊಬ್ಬನಿಗೆ ತನ್ನ ಹಳ್ಳಿಯ ಚರ್ಚಿನ ಹಂಬಲ ಸಾಯುವ ತನಕ ಬಿಡಲಿಲ್ಲವಂತೆ. ಅದರ ಅಳತೆಯನ್ನೇ ತರಿಸಿದ. ದೋಣಿಯನ್ನು ಬೋರಲು ಹಾಕಿದಂತಿರುವ ಮರದ ಚಾವಣಿ, ಈಟಿಯ ತುದಿಯಂಥ ಕಿಟಕಿಗಳು, ಹೆಂಚಿನ ಮಾಡಿನ ಹೊರಬಾಗಿಲು, ಎಲ್ಲವೂ ಅಲ್ಲಿಯಂತೆಯೇ. ಕಲ್ಲು ಮಾತ್ರ ಈ ನೆಲದ್ದು. ಕೆಂಪು ಛಾಯೆಯ ಗಟ್ಟಿ ಗ್ರಾನೈಟು. ಗಂಟೆಗಳು ಹಡಗಿನಲ್ಲಿ ಬಂದವು. ಅವುಗಳ ಜೊತೆಗೇ ಬಿರುಕೂ ಬಂತು ಎಂದು ನೀರಜಾಳ ಗುಮಾನಿ. ಗಂಟೆಗಳನ್ನು ಹೊರುವ ಮರದ ಚೌಕಟ್ಟನ್ನು ತೊಲೆಗಳ ಮೇಲೆ ಕೂರಿಸದೆ, ನಾಲ್ಕು ಗೋಡೆಗಳ ನಡುವೆ ಬೆಣೆಯಂತೆ ಬಿಗಿದಿದ್ದರು.

“ಗಂಟೆ ಎಲ್ಲುಂಟು?” ಭಟ್ಟರು ಸುತ್ತ ನೋಡಿದರು. “ಬಾಗಿಲಲ್ಲಿ ಕಾಣ್ಲಿಲ್ಲ. ಹೋದ ವರ್ಷ ಚೌತಿ ದಿವಸ ಆರತಿ ನಡುವೆಯೇ ಸೂತಕದ ಸುದ್ದಿ ಬಂತು, ಕೈಲಿದ್ದ ಗಂಟೆ ಹಾಗೇ ಕೆಳಗಿಟ್ಟೆ. ಇಲ್ಲಿ ಬಂದ ಮೇಲೆ ಒಂದು ಗುಡಿಗಂಟೆಯ ಸ್ವರ ಕಿವಿಗೆ ಬೀಳ್ಲಿಲ್ಲ.”

“ಗೋಪುರದಲ್ಲಿ ಉಂಟು ಅಂಕಲ್, ಮೂರು. ಇಲ್ಲಿಯ ಬೇರೆ ಚರ್ಚಿನ ಹಾಗೆ ಕರೆಂಟಿನದ್ದಲ್ಲ, ಹಗ್ಗ ಎಳ್ದೇ ಬಾರಿಸೋದು. ಮೊನ್ನೆ ಇಂಗ್ಲೆಂಡಿಂದ ಬಾರಿಸುವವರ ಒಂದು ಗುಂಪೇ ಬಂದಿತ್ತು. ನಾಳೆ ಪ್ರಾರ್ಥನೆಗೆ ಮತ್ತೆ ಬರ್ತಾರೆ.”

ನೀರಜಾ ಗಕ್ಕನೆ ನಿಂತಳು. “ಬಾರಿಸಿದ್ರಾ? ಬಿರುಕು ನೋಡೋ ತನಕ ಬೇಡ ಅಂದಿದ್ವಲ್ಲ ಇವ್ಲಿನ್!”

“ನಾನೂ ಬೇಡ ಅಂದೆ ಮಾರಾಯ್ತಿ. ಬೇಡ ಅಂದ್ರೆ ಯಾರು ಕೇಳ್ತಾರೆ?”

ಗೋಪುರದ ಬುಡದ ಕೋಣೆಗೆ ಕದವಿರಲಿಲ್ಲ, ಕಮಾನು ಮಾತ್ರ. ಆ ಕಮಾನಿನ ಕೆಳಗೆ, ದಾರಿಗೆ ಅಡ್ಡವಾಗಿ, ಒಂದು ಮರದ ಕುರ್ಚಿ ಮಗ್ಗುಲಾಗಿ ಬಿದ್ದಿತ್ತು.

“ಯಾರೋ ಬೀಳಿಸಿ ಹೋಗಿದ್ದಾರೆ ನೋಡಿ,” ಎಂದು ಇವ್ಲಿನ್ ಅದನ್ನೆತ್ತಿ, ಧೂಳು ಒರೆಸಿ, ಕಮಾನಿನ ಬದಿಗೆ ಹಾಕಿದಳು. “ಅಂಕಲ್, ನೀವು ಇಲ್ಲಿ ಕೂತ್ಕೊಳ್ಳಿ. ಎಷ್ಟೊತ್ತು ನಿಲ್ತೀರಿ? ನಾನು ಆಚೆ ಮನೆಗೆ ಹೋಗಿ ಕಾಫಿ ಮಾಡಿ ತರ್ತೇನೆ. ಫಿಕಾ, ಅಂದ್ರೆ ಈ ಕಾಫಿ-ತಿಂಡಿ, ಇಲ್ಲದೆ ಈ ದೇಶದಲ್ಲಿ ಗೋಡೆ ಸಹ ನಿಲ್ಲೂದಿಲ್ಲ.”

ಒಳಗೆ ಮಸುಕು ಬೆಳಕಿನಲ್ಲಿ ಮೂರು ಹಗ್ಗಗಳು ಇಳಿಬಿದ್ದಿದ್ದವು. ಕೈಹಿಡಿಯುವಲ್ಲಿ ದಪ್ಪನೆಯ ಕೆಂಪು ಉಣ್ಣೆಯ ತೊಡಿಗೆ.

ಭಟ್ಟರು ಅವನ್ನು ಆಸೆಗಣ್ಣಿನಿಂದ ನೋಡಿದರು.

“ಬೇಡ ಮಾವ,” ಎಂದಳು ನೀರಜಾ. ಹೇಳಿ, ಟಾರ್ಚು ಹಿಡಿದು, ಸುರುಳಿ ಮೆಟ್ಟಿಲು ಹತ್ತಿದಳು.

ಮೆಟ್ಟಿಲು ಮುಗಿದಲ್ಲಿ ಒಂದು ಖಾಲಿ ಕೋಣೆ, ಅಲ್ಲಿಂದ ಮೇಲಕ್ಕೆ ಏಣಿ. ಏಣಿಯ ತುದಿಯ ಕಿಂಡಿ ಎಷ್ಟು ಕಿರಿದೆಂದರೆ ದಪ್ಪ ಜಾಕೆಟ್ಟು ತೊಟ್ಟು ನುಸುಳಲಾಗಲಿಲ್ಲ. ಆಕೆ ಜಾಕೆಟ್ಟನ್ನು ಕಳಚಿ ಏಣಿಯ ಬುಡದಲ್ಲಿ ಬಿಟ್ಟಳು. ಮೊಬೈಲು ಅದರ ಜೇಬಿನಲ್ಲೇ ಉಳಿಯಿತು.

ಗಂಟೆಯ ಕೋಣೆಯಲ್ಲಿ ಓರೆ ಹಲಗೆಗಳ ಸಂದಿನಿಂದ ಸಮುದ್ರದ ಗಾಳಿ ಶಿಳ್ಳೆಯಿಡುತ್ತಿತ್ತು. ಹೊತ್ತು ಮೂರು ಗಂಟೆ. ಆಗಲೇ ಬೆಳಕು ಬೂದಿಬಣ್ಣಕ್ಕೆ ತಿರುಗಿತ್ತು. ಮೇಲೆ ಕಪ್ಪಗೆ ಏನೋ ಗುಡ್ಡೆಗಳಂತೆ ಕಂಡದ್ದನ್ನು ಆಕೆ ಗಮನಿಸಿದರೂ ಲಕ್ಷ್ಯ ಕೊಡಲಿಲ್ಲ. ಆಕೆಯ ಕಣ್ಣೆಲ್ಲ ದಕ್ಷಿಣದ ಗೋಡೆಯ ಮೇಲೆ. ದೊಡ್ಡ ಗಂಟೆಯ ಚೌಕಟ್ಟಿನೊಳಗೆ ಒಬ್ಬರು ಇಳಿದು ನಿಲ್ಲುವಷ್ಟು ಗುಂಡಿಯಂಥ ಜಾಗವಿತ್ತು. ಬಿರುಕು ಅದರ ಹಿಂದೆಯೇ ಇಳಿದು ಹೋಗಿತ್ತು. ಗುಂಡಿಯೊಳಕ್ಕೆ ನೇತಾಡುತ್ತಿದ್ದ ಒಂದು ಮರದ ಪಟ್ಟಿಯನ್ನು ಹಿಡಿದುಕೊಂಡು, ನೀರಜಾ ಮೆಲ್ಲಗೆ ಕೆಳಗಿಳಿದಳು.

ಬಿರುಕಿಗೆ ಅಡ್ಡವಾಗಿ ಹಿಂದಿನ ವರ್ಷ ಗಾಜಿನ ಪಟ್ಟಿಯೊಂದನ್ನು ಅಂಟಿಸಿದ್ದರು. ಗೋಡೆ ಅಲುಗದಿದ್ದರೆ ಗಾಜು ಉಳಿಯುತ್ತದೆ. ಗಾಜು ಎರಡಾಗಿತ್ತು. ಒಡೆದ ಅಂಚು ಹೊಚ್ಚ ಹೊಸದು, ಧೂಳೂ ಕೂತಿರಲಿಲ್ಲ. ಮೊನ್ನೆಯ ವಾದನದ ಕೊಡುಗೆ.

ಚೌಕಟ್ಟು ಗೋಡೆಗೆ ತಾಗುವ ಜಾಗವನ್ನು ನೋಡಲೆಂದು ಆಕೆ ಟಾರ್ಚನ್ನು ಮೇಲಕ್ಕೆತ್ತಿದಳು.

ಬೆಳಕು ಕಂಚಿಗೆ ಬಡಿಯಿತು.

ತಲೆಯ ಮೇಲೆ ಗಂಟೆಯಿತ್ತು. ಆದರೆ ಗಂಟೆ ಇರಬೇಕಾದಂತೆ ಇರಲಿಲ್ಲ. ಅದರ ನೆತ್ತಿ ಕೆಳಗಿತ್ತು. ಬಾಯಿ ಆಕಾಶ ನೋಡುತ್ತಿತ್ತು. ಒಂದು ಪುಟ್ಟ ಕಾರಿನಷ್ಟು ತೂಕದ ಕಂಚು, ಬೋಗುಣಿಯ ಹಾಗೆ, ಅಚ್ಚಿನ ಮೇಲೆ ಮಗುಚಿ ನಿಂತಿತ್ತು.

ಇಂಗ್ಲಿಷರ ಗಂಟೆ ಬಾರಿಸುವ ವಿದ್ಯೆಯನ್ನು ನೀರಜಾ ಓದಿ ಬಲ್ಲಳು, ಕಂಡಿರಲಿಲ್ಲ. ಅವರು ಗಂಟೆಯನ್ನು ಅಲ್ಲಾಡಿಸುವುದಿಲ್ಲ, ಪೂರ್ತಿ ಸುತ್ತು ತಿರುಗಿಸುತ್ತಾರೆ. ಬಾಯಿ ಮೇಲಾಗಿ ನಿಲ್ಲಿಸಿ, ಹಗ್ಗದ ಒಂದು ಜಗ್ಗಿಗೆ ಕೆಳಕ್ಕೆ ಉರುಳಿಸಿ, ಮತ್ತೆ ಮೇಲಕ್ಕೇರಿಸುತ್ತಾರೆ. ಆ ಓಟದ ಬಲವೇ ಗೋಡೆಗಳನ್ನು ಅತ್ತಿತ್ತ ನೂಕಿ ಬಿರುಕು ಬಿಡಿಸುವುದು. ನಾಳೆ ಮತ್ತೆ ಬಾರಿಸುವವರಲ್ಲವೇ, ಹಾಗೇ ಮೇಲಾಗಿಯೇ ಬಿಟ್ಟು ಹೋಗಿದ್ದರು. ಗುಂಡಿಯಲ್ಲಿ ಇಷ್ಟು ಜಾಗ ಖಾಲಿ ಇದ್ದದ್ದೇಕೆ ಎಂಬುದು ಈಗ ಹೊಳೆಯಿತು. ಅದು ಜನ ನಿಲ್ಲುವ ಜಾಗವಲ್ಲ. ಗಂಟೆ ಉರುಳಿ ಬಂದು ತುಂಬುವ ಜಾಗ.

ಅದನ್ನು ಮೇಲೆ ತಡೆದು ನಿಲ್ಲಿಸಿದ್ದೇನು? ಟಾರ್ಚಿನ ಬೆಳಕು ಹುಡುಕಿತು. ಅಚ್ಚಿನಿಂದ ಇಳಿದ ಒಂದೇ ಒಂದು ಮರದ ಪಟ್ಟಿ. ಇಳಿಯುವಾಗ ಆಕೆ ಹಿಡಿದು ಜೋತಾಡಿದ ಪಟ್ಟಿ. ಅದರ ನಡುವೆ, ನಾರಿನ ಗುಂಟ, ಕೂದಲೆಳೆಯಂಥ ಸೀಳು ಹರಿದಿತ್ತು.

ಉಸಿರಾಡಲೂ ಹೆದರಿ ಆಕೆ ಗೋಡೆಗೆ ಒರಗಿದಳು. ಹೆದರಬೇಡ. ಮುಟ್ಟದಿದ್ದರೆ ಅದು ಬೀಳುವುದಿಲ್ಲ. ಯಾರೂ ಹಗ್ಗ ಎಳೆಯದಿದ್ದರೆ...

ಆಗ ಕೆಳಗಿನಿಂದ, ನೆಲದಲ್ಲಿ ಹಗ್ಗ ಇಳಿಯುವ ತೂತಿನ ಮೂಲಕ, ಭಟ್ಟರ ಸ್ತೋತ್ರದ ದನಿ ತೇಲಿಬಂತು.

ಮಾವ ಕುರ್ಚಿಯಲ್ಲಿ ಕೂತಿರಲಿಲ್ಲ. ಪ್ರದಕ್ಷಿಣೆ ಹಾಕುತ್ತಿದ್ದರು. ಒಂದು ಬದಿಯ ಕಂಬಗಳ ಸಾಲಿನಲ್ಲಿ ಪೂರ್ವಕ್ಕೆ ಹೋಗುತ್ತ ದನಿ ಕರಗಿತು. ಇನ್ನೊಂದು ಬದಿಯಲ್ಲಿ ಮರಳುತ್ತ ಬೆಳೆಯಿತು. ಗೋಪುರದ ಕೆಳಗೆ ಹಾದು ಮತ್ತೆ ಕರಗಿತು. ಆಕೆಗೆ ಮಾವನವರ ಕ್ರಮ ಗೊತ್ತಿತ್ತು. ಮೂರು ಸುತ್ತು. ಆಮೇಲೆ ಗಂಟೆ. ಗಂಟೆ ಹೊಡೆಯದೆ ಅವರು ಯಾವ ದೇವರ ಎದುರೂ ನಿಂತವರಲ್ಲ. ಅವರು ಹಾಕಿದ್ದು ಮೊದಲನೆಯ ಸುತ್ತೋ ಎರಡನೆಯದೋ? ಗಾಜು ನೋಡುತ್ತ ನಿಂತಿದ್ದವಳಿಗೆ ಅದೇ ತಿಳಿದಿರಲಿಲ್ಲ.

“ಇವ್ಲಿನ್!” ಎಂದು ಕೂಗಿದಳು. ಗಾಳಿ ಉತ್ತರ ಕೊಟ್ಟಿತು. “ಇವ್ಲಿನ್!”

ದನಿ ಮತ್ತೆ ಹತ್ತಿರ ಬಂತು. ಈ ಸಲ ಅದು ಹಾದುಹೋಗಲಿಲ್ಲ. ಸರಿಯಾಗಿ ಕೆಳಗೇ ನಿಂತಿತು. ಸ್ತೋತ್ರ ಮುಗಿಯಿತು.

ನೀರಜಾ ಮಂಡಿಯೂರಿ, ಹಗ್ಗದ ತೂತಿಗೆ ಬಾಯಿಯಿಟ್ಟು ಕಿರುಚಿದಳು. “ಮಾವಾ! ಹಗ್ಗ ಮುಟ್ಟಬೇಡಿ!”

“ಹಾಂ, ಗೊತ್ತುಂಟು!” ಕೆಳಗಿನಿಂದ ನಗೆ ಬೆರೆತ ದನಿ. “ಬೂಟು ಬಿಚ್ಬೇಡ, ಚಕ್ಕುಲಿ ಕೊಡ್ಬೇಡ, ಗಂಟೆ ಹೊಡೀಬೇಡ! ಇಲ್ಲಿ ಒಂದು ನರಪಿಳ್ಳೆ ಇಲ್ಲ ಮಾರಾಯ್ತಿ. ಮೆಲ್ಲಗೆ, ಒಂದೇ ಒಂದು ಸಲ.”

“ಡೇಂಜರ್ ಮಾವಾ! ನಾನು ಸತ್ತುಹೋಗ್ತೀನಿ!”

“ಬೆಳಿಗ್ಗೆ ಬಸ್ಸಲ್ಲೂ ಸತ್ತಿದ್ದೆಯಲ್ಲ! ನಾಚಿಕೆಗೆ ಯಾರೂ ಸಾಯುದಿಲ್ಲ ತಂಗಿ.”

ತೂತಿನಲ್ಲಿ ಹಗ್ಗ ಬಿಗಿಯಾಯಿತು.

ಆಕೆಯ ಕೆನ್ನೆಯ ಪಕ್ಕದಲ್ಲೇ, ಹಗ್ಗ ಸುತ್ತಿದ ಗಂಟೆಯ ದೊಡ್ಡ ಚಕ್ರ ಒಮ್ಮೆ ಕಿರ್‍ರೆಂದಿತು. ಮರದ ಪಟ್ಟಿ ತನ್ನ ಆಸರೆಯಿಂದ ಬೆರಳಗಲ ಸರಿಯಿತು. ಮೇಲೆ, ಕಂಚಿನ ಆ ಕರಿಯ ಬಾಯಿ, ನಿದ್ದೆಯಿಂದೆದ್ದ ಪ್ರಾಣಿಯಂತೆ, ಬಹಳ ನಿಧಾನವಾಗಿ ಒಂದು ಕಡೆಗೆ ವಾಲಿತು. ಇನ್ನೊಂದು ಕೂದಲೆಳೆ ವಾಲಿದರೆ ಅದರ ಭಾರವೇ ಅದನ್ನು ಎಳೆದುಕೊಂಡು ಬರುತ್ತದೆ. ಆಗ ಯಾರ ಕೈಯೂ ಅದನ್ನು ನಿಲ್ಲಿಸಲಾರದು.

ಬೇಡ ಎಂಬ ಮಾತು ಸವೆದು ಹೋಗಿತ್ತು. ಸಾಯುತ್ತೇನೆ ಎಂಬ ಮಾತೂ ಸವೆದು ಹೋಗಿತ್ತು. ಆ ಕೈಯಿಂದ ಗಂಟೆಯನ್ನು ಕೆಳಗಿಡಿಸಿದ ಮಾತು ಯಾವುದು? ಚೌತಿಯ ದಿನ, ಆರತಿಯ ನಡುವೆ...

“ಸೂತಕ!” ನೀರಜಾಳ ಗಂಟಲು ಹರಿದು ಬಂತು. “ಸೂತಕ ಬಂದಿದೆ ಮಾವಾ! ಹಗ್ಗ ಬಿಡಿ, ಸೂತಕ!”

ಹಗ್ಗ ಸಡಿಲಾಯಿತು.

ಗಂಟೆ ವಾಲಿದಲ್ಲೇ ನಿಂತಿತ್ತು. ಬರುತ್ತೇನೆ ಎಂದೂ ಅನ್ನದೆ, ಹೋಗುತ್ತೇನೆ ಎಂದೂ ಅನ್ನದೆ, ನಿಂತಿತ್ತು. ನೀರಜಾ ಕಣ್ಣು ಮುಚ್ಚಿಕೊಂಡಳು. ಆಮೇಲೆ ಮರಕ್ಕೆ ಮರ ತಾಗಿದ ‘ಧಡ್’ ಎಂಬ ಸದ್ದು. ಸೀಳು ಬಿಟ್ಟ ಪಟ್ಟಿ ನರಳಿತು, ಆದರೆ ತಡೆಯಿತು. ಗಂಟೆ ಹಿಂದಕ್ಕೆ ಬಂದು ಕೂತಿತ್ತು.

ಕೆಳಗಿನಿಂದ ಒಂದು ಪ್ರಶ್ನೆ ಬಂತು. ಆ ದನಿಯಲ್ಲಿ ನಗೆ ಹೋಗಲಿ, ಜೀವವೇ ಇರಲಿಲ್ಲ.

“ಯಾರು?”

ನೀರಜಾ ತೂತಿನಿಂದ ಮುಖವೆತ್ತಿ ಪಟ್ಟಿಯ ಸೀಳನ್ನು ನೋಡಿದಳು.

“ಪ್ರಭಾಕರನಾ?”

ಆಕೆಯ ಎದೆಯೊಳಗೆ ಇನ್ನೊಂದು ಹೆದರಿಕೆ, ಮೊದಲಿನದಕ್ಕಿಂತ ತಣ್ಣನೆಯದು, ಇಳಿಯಿತು. ಸುಳ್ಳು ಎಂದು ಈಗಲೇ ಒಪ್ಪಿಕೊಂಡರೆ ಆ ಕೈ ಮತ್ತೆ ಹಗ್ಗಕ್ಕೆ ಹೋದೀತು. ಒಪ್ಪಿಕೊಳ್ಳದಿದ್ದರೆ ಎಪ್ಪತ್ತು ದಾಟಿದ ಆ ಹೃದಯ, ಹೆಂಡತಿಯನ್ನು ಕಳಕೊಂಡು ಒಬ್ಬನೇ ಮಗನ ಮೇಲೆ ನಿಂತ ಹೃದಯ, ಎಷ್ಟು ಹೊತ್ತು ತಡೆದೀತು?

“ಅವರು ಚೆನ್ನಾಗಿದ್ದಾರೆ ಮಾವ! ಪ್ರಭಾಕರ ಚೆನ್ನಾಗಿದ್ದಾರೆ! ನೀವು ಹೊರಗೆ ಹೋಗಿ, ಮಂಟಪದಲ್ಲಿ ಕೂತಿರಿ. ಬಂದು ಎಲ್ಲಾ ಹೇಳ್ತೀನಿ.”

ಕೆಳಗೆ ಕಾಲೆಳೆಯುವ ಸಪ್ಪಳ. ಆಮೇಲೆ ಏನೋ ದೊಪ್ಪನೆ ಬಿತ್ತು.

“ಮಾವಾ?”

ಹಗ್ಗದ ತೂತಿಗೆ ಕಿವಿಯಿಟ್ಟಳು; ಗಾಳಿಯ ಶಿಳ್ಳೆ ಮಾತ್ರ ಕೇಳಿಸಿತು.

ಮೇಲೇರಲು ಆಸರೆಯಾಗಿ ಎದುರಿಗಿದ್ದದ್ದು ಆ ಮರದ ಪಟ್ಟಿಯೊಂದೇ. ಆಕೆ ಅದರ ಕಡೆ ನೋಡಲೂ ಇಲ್ಲ. ಬೆನ್ನನ್ನು ಬಿರುಕಿನ ಗೋಡೆಗೆ ಒತ್ತಿ, ಪಾದಗಳನ್ನು ಎದುರಿನ ತೊಲೆಗೆ ಕೊಟ್ಟು, ಇಂಚಿಂಚಾಗಿ ಮೇಲಕ್ಕೆ ಜಾರಿದಳು. ಗ್ರಾನೈಟು ಅಂಗಿಯನ್ನೂ ಬೆನ್ನನ್ನೂ ತರಚಿತು. ಒಂದು ಗಳಿಗೆ ಆಕೆಯ ಮುಖ ಗಂಟೆಯ ತಣ್ಣನೆಯ ಮೈಯ ಎದುರಿಗೇ ಬಂತು; ತನ್ನ ಉಸಿರು ಅದರ ಮೇಲೆ ಮಂಜಾಗುವುದನ್ನು ಕಂಡಳು. ತೊಲೆಯನ್ನು ತಬ್ಬಿ, ಕಿಂಡಿಗೆ ತೆವಳಿ, ಏಣಿಯಲ್ಲಿ ಜಾರಿ, ಕತ್ತಲ ಮೆಟ್ಟಿಲುಗಳನ್ನು ಸುತ್ತುತ್ತ ಇಳಿದಳು.

ಗೋಪುರದ ಕೋಣೆಯಲ್ಲಿ ಯಾರೂ ಇರಲಿಲ್ಲ. ಬಿದ್ದದ್ದು ಕುರ್ಚಿ. ಮಧ್ಯದ ಹಗ್ಗ ಇನ್ನೂ ಮೆಲ್ಲಗೆ ತೂಗುತ್ತಿತ್ತು.

ಭಟ್ಟರು ಮುಖಮಂಟಪದ ಕಲ್ಲುಬೆಂಚಿನ ಮೇಲೆ, ಚರ್ಚಿಗೆ ಬೆನ್ನು ಮಾಡಿ ಕೂತಿದ್ದರು. ಸೂತಕದವರು ದೇವರ ಎದುರು ಕೂರುವುದಿಲ್ಲ. ಕಾಲುಚೀಲವನ್ನೂ ಕಳಚಿದ್ದರು, ಬರಿಗಾಲು ಚಳಿಗೆ ನೀಲಿಗಟ್ಟುತ್ತಿತ್ತು. ಮುಷ್ಟಿ ಬಿಗಿದಿತ್ತು.

“ಯಾರೂ ಹೋಗಿಲ್ಲ ಮಾವ.” ಆಕೆ ಅವರ ಕಾಲಬಳಿ ಕುಸಿದಳು. “ಸುಳ್ಳು ಹೇಳಿದೆ. ಗಂಟೆ ತಲೆಕೆಳಗಾಗಿ ನಿಂತಿತ್ತು. ನಾನು ಅದರ ಕೆಳಗಿದ್ದೆ. ನೀವು ಎಳೆದಿದ್ರೆ ಅದು ನನ್ನ ಮೇಲೇ ಬರ್ತಿತ್ತು.”

ಅವರು ಆಕೆಯನ್ನು ನೋಡಲಿಲ್ಲ. “ನನ್ನ ಸಮಾಧಾನಕ್ಕೆ ಹೇಳ್ಬೇಡ ತಂಗಿ. ಇದ್ದದ್ದು ಹೇಳು. ರೈಲಾ? ರಸ್ತೆಯಾ?”

ನೀರಜಾ ಓಡಿಹೋಗಿ ಜಾಕೆಟ್ಟು ತಂದಳು. ಸ್ಟಾಕ್‌ಹೋಮಿನ ಫೋನು ಹೊಡೆದುಕೊಂಡಿತು, ಹೊಡೆದುಕೊಳ್ಳುತ್ತಲೇ ಇತ್ತು. ಎತ್ತು, ಎತ್ತು ಎಂದು ಆಕೆಯ ತುಟಿ ಅಲುಗುತ್ತಿತ್ತು. ತಾನು ಕಟ್ಟಿದ ಸುಳ್ಳನ್ನು ತಾನೇ ನಂಬತೊಡಗಿದ್ದಳು.

“ಏನೇ? ಮೀಟಿಂಗಲ್ಲಿದ್ದೀನಿ,” ಎಂದಿತು ಪ್ರಭಾಕರನ ದನಿ.

ಆಕೆ ಫೋನನ್ನು ಮಾವನ ಕಿವಿಗೆ ಒತ್ತಿದಳು. ಭಟ್ಟರು ಕೇಳಿಸಿಕೊಂಡರು.

“ಎಂತ ಇಲ್ಲ ಮಗಾ. ಊಟ ಆಯ್ತನಾ ಕೇಳ್ಲಿಕ್ಕೆ.”

“ಅಪ್ಪಾ, ಗಂಟೆ ಮೂರೂವರೆ! ಊಟ ಯಾವಾಗ್ಲೋ ಆಯ್ತು.”

“ಆಯ್ತಲ್ಲ. ಸಾಕು.”

ಅಷ್ಟರಲ್ಲಿ ಫ್ಲಾಸ್ಕು ಹಿಡಿದು ಬಂದ ಇವ್ಲಿನ್, ಸೊಸೆಯ ಹರಿದ ಬೆನ್ನನ್ನೂ ಮಾವನ ಬರಿಗಾಲನ್ನೂ ಕಂಡು ನಿಂತುಬಿಟ್ಟಳು. ನಡೆದದ್ದನ್ನು ಕೇಳುತ್ತ ಕೇಳುತ್ತ ಆಕೆಯ ಮುಖದ ಬಣ್ಣ ಇಳಿಯಿತು.

“ಆ ಕುರ್ಚಿ!” ಎಂದಳು ಪಿಸುದನಿಯಲ್ಲಿ. “ಇಲ್ಲಿ ಮೊದಲು ಬಾರಿಸ್ತಿದ್ದ ಒಬ್ಬರು ಅಜ್ಜ ಹೇಳ್ತಿದ್ರು. ಗಂಟೆ ಬಾಯಿ ಮೇಲಾಗಿದ್ರೆ ದಾರಿಗೆ ಅಡ್ಡ ಕುರ್ಚಿ ಮಲಗಿಸ್ತಾರಂತೆ, ಯಾರೂ ಒಳಗೆ ಹೋಗಬಾರದು ಅಂತ. ಪೂರಾ ಮರ್ತೇ ಹೋಗಿತ್ತು. ಅಂಕಲ್ ನಿಂತಿದ್ದಾರಲ್ಲ ಅಂತ ಎತ್ತಿ ಹಾಕಿದೆ. ದೇವರೇ! ನಾಳೆ ಬರುವವರಿಗೆ ಈಗಲೇ ಫೋನ್ ಮಾಡ್ತೇನೆ. ಇಳಿಸದೆ ಇನ್ನು ಯಾರೂ ಮೇಲೆ ಹೋಗೂದು ಬೇಡ.”

ಭಟ್ಟರು ಎದ್ದರು. ಗೋಪುರದ ಕಮಾನಿನ ತನಕ ನಡೆದು, ಬಿದ್ದಿದ್ದ ಕುರ್ಚಿಯನ್ನು ದಾರಿಗೆ ಅಡ್ಡವಾಗಿ, ಮಲಗಿದ ಮಗುವನ್ನು ಸರಿಸುವವರಂತೆ, ಸರಿಪಡಿಸಿದರು. ಮರಳಿ ಬಂದು ಸೊಸೆಯ ಎದುರು ಮುಷ್ಟಿ ಬಿಚ್ಚಿದರು. ಅಂಗೈಗೆ, ಬೆರಳ ಸಂದಿಗೆ, ಕೆಂಪು ಉಣ್ಣೆಯ ಎಳೆಗಳು ಅಂಟಿಕೊಂಡಿದ್ದವು.

“ಎರಡೂ ಕೈಲಿ ಹಿಡ್ದಿದ್ದೆ,” ಎಂದರು. “ಒಂದು ಕೈಗೆ ಬರ್ಲಿಲ್ಲ, ಭಾರ ಇತ್ತು. ಅದಕ್ಕೇ ಎರಡೂ ಕೈ ಹಾಕಿದೆ.”

ನೀರಜಾ ಆ ಎಳೆಗಳನ್ನು ಒಂದೊಂದಾಗಿ ಬಿಡಿಸತೊಡಗಿದಳು.

“ಸುಳ್ಳು ಸೂತಕಕ್ಕೂ ಸ್ನಾನ ಉಂಟು,” ಎಂದರು ಭಟ್ಟರು ಕೊನೆಗೆ. “ಮನೆಗೆ ಹೋಗಿ ಮೀಯುವಾ. ಅದಕ್ಕಿಂತ ಮೊದಲು ಇಲ್ಲಿ ಒಂದು ನಮಸ್ಕಾರ ಬಾಕಿ ಉಂಟು.”

ಹೇಳಿದವರೇ ಮುಖಮಂಟಪದ ಆ ಮಂಜುಗಲ್ಲಿನ ಮೇಲೆ ಉದ್ದಕ್ಕೆ ಮಲಗಿದರು. ರಸ್ತೆಯಲ್ಲಿ ನಾಯಿ ಅಡ್ಡಾಡಿಸುತ್ತಿದ್ದ ದಂಪತಿಗಳು ನಿಂತು ನೋಡಿದರು. ಬೇಡ ಎಂಬ ಮಾತು ನೀರಜಾಳ ನಾಲಿಗೆಯ ತುದಿಗೆ ಬಂತು. ಆಕೆ ಅದನ್ನು ನುಂಗಿ, ಮಾವನ ಪಕ್ಕದಲ್ಲಿ ಮಂಡಿಯೂರಿ, ಕಲ್ಲಿಗೆ ಹಣೆಯಿಟ್ಟಳು.

ಹಣೆಗೆ ಕಲ್ಲು ತಣ್ಣಗೆ ತಾಗಿತು. ಮೇಲೆ ಗೋಪುರದಲ್ಲಿ ಗಾಳಿ ಬಲವಾಗುತ್ತಿತ್ತು. ಸೀಳು ಬಿಟ್ಟ ಆ ಪಟ್ಟಿ ಗಂಟೆಯ ಭಾರವನ್ನು ಹೊತ್ತು ಮತ್ತೊಮ್ಮೆ ಕಿರ್‍ರೆಂದದ್ದು ಕಲ್ಲಿನೊಳಗಿಂದಲೇ ಆಕೆಗೆ ಕೇಳಿಸಿತು.